ಹೆಬ್ಬೆರಳಿಗೆ ಹೊಂದುವ ಆಟ

ಆ ಕಂಟ್ರೋಲರ್ ನಮ್ಮ ಕೇಂದ್ರಕ್ಕೆ ಬಂದ ದಿನವೇ ನಾನು ಅದನ್ನು ಎತ್ತಿ ಬೇಡದ ಸಾಮಾನಿನ ಕಪಾಟಿಗೆ ಹಾಕಿದ್ದೆ. ಯಾರೋ ಪುಣ್ಯಾತ್ಮರು ತಮ್ಮ ಮನೆಯ ಹಳೆಯ ಕಂಪ್ಯೂಟರ್ ಸಾಮಾನನ್ನೆಲ್ಲ ಒಂದು ರಟ್ಟಿನ ಡಬ್ಬಿಗೆ ತುಂಬಿ ಕಳಿಸಿದ್ದರು. ವೈರುಗಳು, ಎರಡು ಮೌಸು, ಒಂದು ಒಡೆದ ಕೀಬೋರ್ಡು, ಅವುಗಳ ನಡುವೆ ಇದು. ಗೇಮ್ ಆಡುವ ಕಂಟ್ರೋಲರ್ ಎಂದರೆ ಎರಡು ಪುಟ್ಟ ಕಡ್ಡಿಗಳಿರಬೇಕು. ಹೆಬ್ಬೆರಳಿನಿಂದ ವಾಲಿಸಿದತ್ತ ವಾಲಿ, ಬಿಟ್ಟರೆ ತಾನಾಗಿ ನಡುವಿಗೆ ಬಂದು ನಿಲ್ಲಬೇಕು. ಇದರಲ್ಲಿ ಕಡ್ಡಿಗಳ ಜಾಗದಲ್ಲಿ ಸಣ್ಣ ನಿಪ್ಪಟ್ಟಿನಷ್ಟು ಅಗಲದ, ನಡುವೆ ಕೊಂಚ ತಗ್ಗಾದ ಎರಡು ದುಂಡು ಪ್ಯಾಡುಗಳಿದ್ದವು. ಲ್ಯಾಪ್‌ಟಾಪಿನ ಟಚ್‌ಪ್ಯಾಡನ್ನು ದುಂಡಗೆ ಕತ್ತರಿಸಿ ಅಂಟಿಸಿದ ಹಾಗೆ. ಮಾಡಿದ ಕಂಪನಿಯೇ ಅದನ್ನು ಕೈಬಿಟ್ಟು ವರ್ಷಗಳಾಗಿದ್ದವು. ಹೊಸಕೋಟೆಯಲ್ಲಿ ಎಂಟು ಕುರ್ಚಿಯ ಗೇಮ್ ಅಂಗಡಿ ನಡೆಸಿದವನು ನಾನು. ಅಂಗಡಿ ಮುಚ್ಚಿ ಎಷ್ಟೋ ಕಾಲವಾಗಿದ್ದರೂ ಕಂಟ್ರೋಲರ್ ಬಗ್ಗೆ ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ ಎಂಬ ಜಂಬ ಮಾತ್ರ ಮುಚ್ಚಿರಲಿಲ್ಲ.

ಈಗ ನಾನಿರುವುದು ದೊಡ್ಡಬಳ್ಳಾಪುರದ ಒಂದು ಪುನಶ್ಚೇತನ ಕೇಂದ್ರದಲ್ಲಿ. ಪಾರ್ಶ್ವವಾಯು ಆದವರು, ಯಂತ್ರಕ್ಕೆ ಕೈ ಕೊಟ್ಟವರು ಬರುತ್ತಾರೆ. ಅವರಿಗೆ ಅಭ್ಯಾಸ ಮಾಡಿಸುವವರು ಥೆರಪಿಸ್ಟ್ ಮೇಡಂ. ಅಭ್ಯಾಸಕ್ಕೆ ಬೇಕಾದ ಕಂಪ್ಯೂಟರು, ಸ್ವಿಚ್ಚು, ಹಿಡಿಕೆ, ಪಟ್ಟಿ ಇವನ್ನೆಲ್ಲ ಆಯಾ ಕೈಗೆ ಒಗ್ಗುವ ಹಾಗೆ ಹೊಂದಿಸುವುದು ನನ್ನ ಪಾಲಿನ ಕೆಲಸ. ದಿನಾ ಇದೇ ತಾಲ್ಲೂಕಿನ ಮಧುರೆಯಿಂದ ಬೈಕಿನಲ್ಲಿ ಬಂದು ಹೋಗುತ್ತೇನೆ.

ಒಂದು ಸೋಮವಾರ ಮೇಡಂ ಕರೆದು ಒಬ್ಬ ಅಮ್ಮನನ್ನು ತೋರಿಸಿದರು. ಐವತ್ತು ದಾಟಿದ ಹೆಂಗಸು, ಜೊತೆಯಲ್ಲಿ ಅವರ ನಾದಿನಿ. ಎಂಟು ತಿಂಗಳ ಹಿಂದೆ ಬಲಭಾಗಕ್ಕೆ ಲಕ್ವ ಹೊಡೆದಿತ್ತು. ನಡಿಗೆ ಬಂದಿತ್ತು, ಮಾತು ಬಂದಿತ್ತು, ಲೋಟ ಹಿಡಿಯುವಷ್ಟು ಕೈಯೂ ಬಂದಿತ್ತು. ಬಾರದೆ ಉಳಿದದ್ದು ಬಲಗೈ ಹೆಬ್ಬೆರಳಿನ ತುದಿ.

"ಬೆರಳೇನೋ ಇದೆ ಕಣಪ್ಪ. ಅದ್ರಿಂದ ಸುದ್ದಿ ಬರಲ್ಲ, ಅಷ್ಟೆ" ಎಂದರು ಅಮ್ಮ.

ಅವರ ಕೆಲಸಕ್ಕೆ ಆ ಸುದ್ದಿಯೇ ಬೇಕಾದದ್ದು. ರೇಷ್ಮೆ ಮಗ್ಗದಲ್ಲಿ ಉದ್ದಕ್ಕೆ ಹಾಸಿದ ನೂಲು, ಅಂದರೆ ಹಾಸು, ಮುಗಿಯುತ್ತಾ ಬಂದಾಗ ಹಳೆಯ ಹಾಸಿನ ಒಂದೊಂದು ಎಳೆಯ ತುದಿಗೂ ಹೊಸ ಹಾಸಿನ ಒಂದೊಂದು ಎಳೆಯನ್ನು ಹೊಸೆದು ಸೇರಿಸಬೇಕು. ಸಾವಿರಾರು ಎಳೆ. ಗಂಟು ಹಾಕುವಂತಿಲ್ಲ, ಹೊಸೆಯಬೇಕು. ನಾಲ್ವರು ಹೆಂಗಸರು ಎದುರುಬದುರು ಕೂತು ಒಂದು ಹಗಲೆಲ್ಲ ಮಾಡುವ ಕೆಲಸ. ಈ ಅಮ್ಮ, ನಾದಿನಿ ಮತ್ತು ಇನ್ನಿಬ್ಬರದು ಒಂದು ಗುಂಪು. ಮದುವೆಯಾಗಿ ಬಂದ ವರ್ಷದಿಂದ ಅಮ್ಮ ಆ ಗುಂಪಿನಲ್ಲಿ ಕೂತಿದ್ದರು.

ನಾದಿನಿ ನನ್ನನ್ನು ಬಾಗಿಲ ಹತ್ತಿರ ಕರೆದು ಮೆಲ್ಲಗೆ ಹೇಳಿದರು. "ಈಗ ಮಗ್ಗದಲ್ಲಿರೋ ಹಾಸು ಮುಗಿಯೋಕೆ ಇನ್ನ ಏಳು ವಾರ ಆಗುತ್ತೆ ಸಾರ್. ಅಷ್ಟ್ರಲ್ಲಿ ಅತ್ತಿಗೆ ಬಂದು ಕೂತ್ರೆ ಸರಿ. ಇಲ್ಲಾಂದ್ರೆ ಹಿಂದಿನ ಬೀದಿಯೋಳು ಒಬ್ಬಳಿದಾಳೆ, ಅವಳ್ನ ಖಾಯಂ ಸೇರಿಸ್ಕೊಳ್ಳಿ ಅಂತ ಮಗ್ಗದ ಯಜಮಾನ್ರು ಹೇಳ್ಬಿಟ್ಟವ್ರೆ. ಮೂರೇ ಜನ ಇಟ್ಕೊಂಡು ಎಷ್ಟ್ ಸಲ ಅಂತ ಹೆಣಗೋದು?"

"ಅಮ್ಮಂಗೆ ಗೊತ್ತಾ?"

"ಗೊತ್ತು. ಅದಕ್ಕೇ ಊಟ ಸೇರ್ತಿಲ್ಲ."

ಮೇಡಂ ಆಗಲೇ ತಮ್ಮ ಬತ್ತಳಿಕೆಯದನ್ನೆಲ್ಲ ಮಾಡಿಸಿ ನೋಡಿದ್ದರು. ಮೆತ್ತನೆ ಮುದ್ದೆ ಹಿಸುಕುವುದು, ಅಕ್ಕಿಯೊಳಗೆ ಬಚ್ಚಿಟ್ಟ ಗುಂಡಿಗಳನ್ನು ಕಣ್ಣುಮುಚ್ಚಿ ಹುಡುಕುವುದು. ಒಂದು ದಿನ ಅಮ್ಮ ತಟ್ಟೆಯನ್ನು ಪಕ್ಕಕ್ಕೆ ಸರಿಸಿ, "ಅಕ್ಕಿ ಆರಿಸೋಕೆ ನಮ್ಮನೇಲೇ ಬೇಕಾದಷ್ಟಿದೆ" ಅಂದುಬಿಟ್ಟಿದ್ದರಂತೆ. ಆಮೇಲೆ ಮೇಡಂ ಕಪಾಟಿನಲ್ಲಿದ್ದ ಈ ವಿಚಿತ್ರ ಕಂಟ್ರೋಲರನ್ನು ನೋಡಿ ಕೈಗೆತ್ತಿಕೊಂಡಿದ್ದಾರೆ. ಪ್ಯಾಡಿನ ಅಡಿಯಲ್ಲಿ ಕಂಪನದ ಒಂದು ಪುಟ್ಟ ಯಂತ್ರವಿದೆ. ಬೆರಳು ಜಾರಿದಂತೆಲ್ಲ ಅದು ಟಿಕ್ ಟಿಕ್ ಎಂದು ಬೆರಳನ್ನು ಒಳಗಿನಿಂದ ತಟ್ಟುತ್ತದೆ. ಎಷ್ಟು ಜೋರಾಗಿ ತಟ್ಟಬೇಕು ಎಂಬುದನ್ನು ಹೆಚ್ಚು, ಮಧ್ಯಮ, ಕಡಿಮೆ ಎಂದು ಬದಲಾಯಿಸಲೂಬಹುದು.

"ಇದಕ್ಕೆ ಹೊಂದೋ ಆಟ ಹುಡುಕಿ ಕೊಡಿ" ಎಂದರು ಮೇಡಂ. "ನೀವು ಗೇಮ್ ಅಂಗಡಿ ಇಟ್ಟಿದ್ದೋರಲ್ವಾ?"

ಇಷ್ಟು ಸಾಕಾಗಿತ್ತು ನನಗೆ. ಮಾರನೆಯ ದಿನವೇ ನನ್ನ ಹಳೆಯ ಹಾರ್ಡ್ ಡಿಸ್ಕ್ ತಂದೆ.

ಮೊದಲ ವಾರ ಪೂರ್ತಿ ನನ್ನ ಜಂಬಕ್ಕೆ ಖರ್ಚಾಯಿತು. ಅಂಗಡಿಯಲ್ಲಿ ಯಾವ ಆಟಗಳಿಗೆ ಹುಡುಗರು ಮುಗಿಬೀಳುತ್ತಿದ್ದರೋ ಅವನ್ನೇ ಒಂದೊಂದಾಗಿ ಹಾಕಿದೆ. ಕಾರಿನ ಓಟ ಮೊದಲು. ತಿರುವಿನಲ್ಲಿ ಸ್ಟೇರಿಂಗನ್ನು ಒಂದೇ ಕಡೆ ಹಿಡಿದಿರಬೇಕು. ಕಡ್ಡಿಯಾದರೆ ಎಷ್ಟು ವಾಲಿದೆ ಎಂದು ಬೆರಳಿಗೆ ತಾನಾಗಿ ತಿಳಿಯುತ್ತದೆ, ಸ್ಪ್ರಿಂಗು ಎದುರು ತಳ್ಳುತ್ತಿರುತ್ತದೆ. ಪ್ಯಾಡಿನಲ್ಲಿ ತಳ್ಳುವವರಿಲ್ಲ. ಹೆಬ್ಬೆರಳು ಎಲ್ಲಿದೆ, ನಡು ಎಲ್ಲಿದೆ ಎಂದು ಗೊತ್ತಾಗದೆ ಅಮ್ಮನ ಕಾರು ಮತ್ತೆ ಮತ್ತೆ ಗೋಡೆಗೆ ಹೊಡೆಯಿತು. ನಾನು ಆಡಿದೆ, ನನ್ನದೂ ಹೊಡೆಯಿತು. ಫುಟ್‌ಬಾಲ್ ಹಾಕಿದೆ, ಆಟಗಾರ ನಿಂತಲ್ಲೇ ಗಿರಗಿರ ಸುತ್ತಿದ. ಹಾರಿ ಹಾರಿ ಹೋಗುವ ಆಟದಲ್ಲಿ ಎಡಕ್ಕೆ ಬಲಕ್ಕೆ ಪಟಕ್ಕನೆ ಒತ್ತಬೇಕು, ನುಣ್ಣನೆ ಪ್ಯಾಡಿನಲ್ಲಿ ಎಡ ಎಲ್ಲಿ ಮುಗಿದು ಬಲ ಎಲ್ಲಿ ಶುರುವಾಗುತ್ತದೆ ಎಂದು ದೇವರಿಗೇ ಗೊತ್ತು. ಗುಂಡು ಹಾರಿಸುವ ಆಟವನ್ನು ಮೇಡಂ ನೋಡಿದ ಕೂಡಲೇ ನಿಲ್ಲಿಸಿದರು.

ಎರಡನೆಯ ವಾರ ಬುದ್ಧಿ ಸ್ವಲ್ಪ ನೆಟ್ಟಗಾಯಿತು. ಈ ಪ್ಯಾಡು ಕಡ್ಡಿಯ ತಮ್ಮನಲ್ಲ, ಮೌಸಿನ ತಂಗಿ ಎಂದು ಹೊಳೆಯಿತು. ಕಡ್ಡಿಗಾಗಿ ಮಾಡಿದ ಆಟವನ್ನು ಇದರ ಮೇಲೆ ಹೇರುವ ಬದಲು ಮೌಸಿಗಾಗಿ ಮಾಡಿದ ಆಟ ಹುಡುಕಬೇಕು. ಆತುರ ಇರಬಾರದು, ಒತ್ತಿ ಹಿಡಿದಿರುವ ಕೆಲಸ ಇರಬಾರದು, ಜಾರಿಸಿ ಬಿಟ್ಟು ಮತ್ತೆ ಜಾರಿಸುವುದು ಇರಬೇಕು. ಸೆಟ್ಟಿಂಗಿನಲ್ಲಿ ಬಲಪ್ಯಾಡನ್ನು ಟ್ರ್ಯಾಕ್‌ಬಾಲಿನ ಹಾಗೆ ಮಾಡಿದೆ. ಅಂದರೆ ಬೆರಳು ಎತ್ತಿದರೂ ಒಳಗೊಂದು ಚೆಂಡು ಉರುಳುತ್ತಿರುವಂತೆ ಬಾಣದ ಗುರುತು ಕೊಂಚ ದೂರ ಹೋಗಿ ನಿಲ್ಲುತ್ತದೆ. ವೇಗ ಇಳಿಸಿದೆ, ಉರುಳುವ ದೂರ ಕಡಿಮೆ ಮಾಡಿದೆ, ಕಂಪನ 'ಹೆಚ್ಚು' ಎಂದು ಇಟ್ಟೆ.

ಕೇರಂ ಪರವಾಗಿಲ್ಲ ಅನ್ನಿಸಿತು. ಗೋಲಿ ಉರುಳಿಸಿ ಗುಳಿಗೆ ಬೀಳಿಸುವ ಆಟ ಇನ್ನೂ ಚೆನ್ನಾಗಿ ಹೊಂದಿತು. ಆಮೇಲೆ ನಾನೇ ಬಹಳ ಹುಡುಕಿ, ಸಿಕ್ಕುಬಿದ್ದ ದಾರಗಳನ್ನು ಒಂದೊಂದಾಗಿ ಬಿಡಿಸುವ ಆಟವನ್ನು ತಂದೆ. ಎಳೆಯ ಕೆಲಸದವರಿಗೆ ಎಳೆಯ ಆಟ! ಮೇಡಂ ಕೂಡ ಭೇಷ್ ಎಂದರು. ಅಮ್ಮ ಎರಡು ದಾರ ಸರಿಸಿದರು. ಬೆರಳೆತ್ತಿದರು. ಪರದೆಯ ಮೇಲಿನ ಬಣ್ಣದ ಗೆರೆಗಳನ್ನೇ ನೋಡುತ್ತಾ ಕೂತರು.

"ಇದಕ್ಕೆ ತೂಕನೇ ಇಲ್ವಲ್ಲಪ್ಪ. ಇದು ದಾರ ಅಲ್ಲ, ದಾರದ ಫೋಟೋ."

ಕಣ್ಣು ತುಂಬಿತ್ತು. ನಾನು ಆಟ ಮುಚ್ಚಿದೆ. ಅಮ್ಮ ಬಯಸುತ್ತಿದ್ದದ್ದನ್ನೇ ಗಾಜಿನ ಆಚೆ ಇಟ್ಟು ತೋರಿಸಿದ್ದೆ. ಆ ದಿನ ಮನೆಗೆ ಹೋದ ಮೇಲೂ ನನಗೆ ನಾಚಿಕೆಯಾಗುತ್ತಿತ್ತು.

ಇದರ ಜೊತೆಗೆ ಇನ್ನೊಂದು ಕಾಟ ಶುರುವಾಗಿತ್ತು. ಬಾಣದ ಗುರುತು ಇದ್ದಕ್ಕಿದ್ದಂತೆ ನೆಗೆಯುತ್ತಿತ್ತು, ಇಲ್ಲವೇ ಮಂಕಾಗಿ ನಿಲ್ಲುತ್ತಿತ್ತು. ನಾನು ಆಡಿದರೆ ಸರಿ, ಮೇಡಂ ಆಡಿದರೂ ಸರಿ. ಅಮ್ಮ ಕೂತ ಹತ್ತು ನಿಮಿಷಕ್ಕೆ ರಗಳೆ. ಸಾಫ್ಟ್‌ವೇರ್ ಹೊಸದು ಹಾಕಿದೆ. ಬ್ಯಾಟರಿ ಬದಲಾಯಿಸಿದೆ. ತಿರುಪು ಬಿಚ್ಚಿ ಪ್ಯಾಡಿನ ಅಡಿಯ ಪಟ್ಟಿಯನ್ನು ಕೂರಿಸಿ ನೋಡಿದೆ. ಒಣಗಿದ ಚರ್ಮವನ್ನು ಪ್ಯಾಡು ಗುರುತಿಸುತ್ತಿಲ್ಲವೇನೋ ಎಂದು ಮೇಡಂ ಎಣ್ಣೆ ಹಚ್ಚಿಸಿದರು, ಇನ್ನೂ ಕೆಟ್ಟಿತು. ಕೊನೆಗೆ ದಿನದ ವರದಿಯಲ್ಲಿ 'ಬೆರಳಿನ ಸ್ಪರ್ಶವನ್ನು ಸಾಧನ ಗ್ರಹಿಸುತ್ತಿಲ್ಲ, ಬೇರೆ ಸಾಧನ ನೋಡಬೇಕು' ಎಂದು ಬರೆದೂಬಿಟ್ಟೆ. ಏಳು ವಾರದಲ್ಲಿ ಎರಡೂವರೆ ಕಳೆದಿತ್ತು.

ಮಾರನೆಯ ದಿನ ಪ್ಯಾಡನ್ನು ಒರೆಸಿ ಎತ್ತಿಡೋಣ ಎಂದು ಕೂತೆ. ಪ್ಯಾಡಿಗೂ ಅಂಚಿಗೂ ನಡುವಿನ ಸಣ್ಣ ಸಂದಿಯಲ್ಲಿ ಬೂದು ಬಣ್ಣದ ಒಂದು ಗೆರೆ ಸುತ್ತಲೂ ತುಂಬಿಕೊಂಡಿತ್ತು. ಸೂಜಿಯಿಂದ ಕೆದಕಿ ಬೆರಳಿಗೆ ಹಚ್ಚಿ ನೋಡಿದೆ. ಬೂದಿ.

ಅವತ್ತು ಅಮ್ಮ ಬಂದಾಗ ಏನೂ ಹೇಳದೆ ದೂರ ನಿಂತು ನೋಡಿದೆ. ಅವರು ಕುರ್ಚಿಯಲ್ಲಿ ಕೂತರು. ಪರದೆಗೆ ಒಂದು ನಮಸ್ಕಾರ ಹಾಕಿದರು. ಸೊಂಟದ ಚೀಲದಿಂದ ಒಂದು ಪುಟ್ಟ ಡಬ್ಬಿ ತೆಗೆದು, ಅದರ ಮುಚ್ಚಳಕ್ಕೆ ಒಂದಿಷ್ಟು ಪುಡಿ ಸುರಿದು ತೊಡೆಯ ಮೇಲೆ ಇಟ್ಟುಕೊಂಡು, ಅದರಲ್ಲಿ ಹೆಬ್ಬೆರಳೊತ್ತಿ, ತೋರುಬೆರಳಿಗೆ ಒಂದು ಸಲ ಉಜ್ಜಿ, ಆಮೇಲೆ ಕಂಟ್ರೋಲರ್ ಕೈಗೆತ್ತಿಕೊಂಡರು. ಆಟದ ಮಧ್ಯೆ ಮಧ್ಯೆಯೂ ಅದೇ. ಯೋಚಿಸಿ ಮಾಡುವುದಲ್ಲ, ಕೈ ತಾನಾಗಿ ಮುಚ್ಚಳಕ್ಕೆ ಹೋಗಿ ಬರುತ್ತಿತ್ತು.

"ಅಮ್ಮಾ, ಏನಮ್ಮ ಅದು?"

ಅವರಿಗೆ ನನ್ನ ಪ್ರಶ್ನೆಯೇ ಅರ್ಥವಾಗಲಿಲ್ಲ. "ಬೂದಿ ಕಣಪ್ಪ. ರೇಷ್ಮೆ ಜಾರುತ್ತಲ್ಲ, ಬೂದಿ ಇಲ್ದೆ ಹೊಸೆಯೋಕೆ ಆಗುತ್ತಾ? ಕೆಲಸಕ್ಕೆ ಕೂತ್ಮೇಲೆ ಬೂದಿ ಮುಟ್ಲೇಬೇಕು."

ಎರಡು ವಾರದಿಂದ ನಾನು ಅವರಿಗೆ ಆಟ ಆಡಿಸುತ್ತಿದ್ದೇನೆ ಎಂದುಕೊಂಡಿದ್ದೆ. ಅವರು ಮೊದಲ ದಿನದಿಂದಲೂ ಕೆಲಸಕ್ಕೆ ಕೂತಿದ್ದರು. ಹೆಬ್ಬೆರಳಿನ ಮೇಲೆ ಬೂದಿಯ ಪರದೆ ಎಳೆದುಕೊಂಡು ಪ್ಯಾಡು ಮುಟ್ಟಿದರೆ ಅದಕ್ಕಾದರೂ ಬೆರಳು ಹೇಗೆ ತಿಳಿಯಬೇಕು? ಮುಚ್ಚಳವನ್ನು ಮೊದಲೇ ಒಂದು ಸಲ ನೋಡಿದ್ದರೆ, ಕೇಳಿದ್ದರೆ ಸಾಕಿತ್ತು. ಸಾಧನ ಬಿಚ್ಚಿದೆನೇ ಹೊರತು ಎದುರು ಕೂತವರನ್ನು ನೋಡಿರಲಿಲ್ಲ.

ಬೂದಿ ಬೇಡ ಎನ್ನಲು ಮನಸ್ಸಾಗಲಿಲ್ಲ. ಎಡಗೈ ಬೆರಳಿಗೆ ಬೂದಿ ಮುಟ್ಟಿಸಿಕೊಳ್ಳಿ, ಬಲ ಹೆಬ್ಬೆರಳನ್ನು ಮಾತ್ರ ಬಿಡಿ ಎಂದೆ. ಒಪ್ಪಿದರು. ನಾನು ಕುರ್ಚಿ ಎಳೆದು ಎದುರಿಗೆ ಕೂತು, ಹೊಸೆಯುವುದು ಹೇಗೆ ತೋರಿಸಿ ಎಂದು ಕೇಳಿದೆ. ಸೆರಗಿನ ಕುಚ್ಚಿನಿಂದ ಎರಡು ಎಳೆ ಬಿಡಿಸಿ ಪಳಗದ ಎಡಗೈಯಲ್ಲೇ ಮೆಲ್ಲಗೆ ಹೊಸೆದು ತೋರಿಸಿದರು. ಬೆರಳ ಮೇಲೆ ಹೆಬ್ಬೆರಳು ಒಂದೇ ಸಲ ಮುಂದಕ್ಕೆ ಹೋಗಿ ನಿಲ್ಲುತ್ತಿತ್ತು. ಎರಡು ಎಳೆ ಒಂದಾದ ಕ್ಷಣ ಬೆರಳಡಿ ಸಣ್ಣದೊಂದು ಉಬ್ಬು ಸಿಗುತ್ತದಂತೆ. ಅದು ಸಿಕ್ಕರೆ ಬಿಡಬೇಕು, ಸಿಗದಿದ್ದರೆ ಮತ್ತೆ ಹೊಸೆಯಬೇಕು. ನಾನು ಗಮನಿಸಿದ್ದು ಬೇರೆ. ಅವರು ಬೆರಳನ್ನು ನೋಡುತ್ತಲೇ ಇರಲಿಲ್ಲ, ನನ್ನ ಮುಖ ನೋಡುತ್ತಿದ್ದರು.

"ಎಳೆ ನೋಡಲ್ವಾ ಅಮ್ಮ?"

"ಎಳೆ ನೋಡೋಕೆ ಬೆರಳಿದೆ. ಕಣ್ಣಿರೋದು ಎದುರಿಗಿರೋರ ಮುಖ ನೋಡ್ಕೊಂಡು ಮಾತಾಡೋಕೆ. ಮಗ್ಗದ ಸದ್ದಲ್ಲಿ ಮಾತು ಎಲ್ಲಿ ಕೇಳುತ್ತೆ? ಬಾಯಿ ನೋಡಿ ತಿಳ್ಕೋಬೇಕು." ಕುಚ್ಚನ್ನು ಮಡಿಲಿಗೆ ಬಿಟ್ಟು ಹೇಳಿದರು: "ನಂಗೆ ಕೆಲಸ ಹೋಯ್ತು ಅಂತಲ್ಲಪ್ಪ ಸಂಕಟ. ನಾವು ನಾಲ್ಕು ಜನ ಕೂತ್ರೆ ಪ್ರಪಂಚದ ಸುದ್ದಿಯೆಲ್ಲ ಅಲ್ಲೇ. ಎಂಟು ತಿಂಗಳಿಂದ ಯಾರ ಮನೇಲೇನಾಯ್ತು ಒಂದೂ ಗೊತ್ತಿಲ್ಲ ನಂಗೆ."

ನನಗೆ ಹೊಸಕೋಟೆಯ ಅಂಗಡಿ ನೆನಪಾಯಿತು. ಎಂಟು ಕುರ್ಚಿ ಒತ್ತೊತ್ತಾಗಿ, ಒಬ್ಬರ ಮೊಣಕೈ ಇನ್ನೊಬ್ಬರ ಪಕ್ಕೆಗೆ ತಾಗುತ್ತಾ, 'ಲೇ ಪಾಸ್ ಕೊಡೋ', 'ಗುರೂ ನೋಡ್ಕೋ ಹಿಂದೆ' ಎಂದು ಕಿರುಚಾಡುತ್ತಿದ್ದ ಹುಡುಗರು. ಆ ಗಲಾಟೆಗೆ ನಾನು ಎಷ್ಟು ಬೈದಿದ್ದೇನೆ! ಈಗ ಸಂಜೆ ಬೈಕ್ ಓಡಿಸುವಾಗ ಅದೇ ಗಲಾಟೆಗಾಗಿ ಕಿವಿ ಹಾತೊರೆಯುತ್ತದೆ. ಅಮ್ಮನ ಸಂಕಟ ನನಗೆ ಹೊಸದಾಗಿರಲಿಲ್ಲ.

ಅವತ್ತೇ ತೀರ್ಮಾನ ಮಾಡಿದೆ. ಮೇಡಂಗೆ ಹೇಳಿ ಹಿಂದಿನ ವರದಿಯನ್ನು ಹೊಡೆದುಹಾಕಿದೆ. ಇನ್ನು ಮೇಲೆ ಯಾವ ಆಟವನ್ನೂ ಕಣ್ಣಿನಿಂದ ಆರಿಸುವುದಿಲ್ಲ. ಮಾನಿಟರಿನ ಮೇಲೆ ಒಂದು ಟವೆಲ್ ಹೊದಿಸಿದೆ, ನೀಲಿ ಅಂಚಿನ ಬಿಳಿ ಟವೆಲ್, ನಾನು ಕೈ ಒರೆಸಲು ಇಟ್ಟುಕೊಂಡದ್ದು. ಒಂದೊಂದೇ ಆಟ ಹಾಕಿ, ಪರದೆ ಕಾಣದೆ, ಬರೀ ಹೆಬ್ಬೆರಳಿಗೆ ಏನು ತಿಳಿಯುತ್ತದೆ ಎಂದು ನೋಡುತ್ತಾ ಹೋದೆ. ಕೇರಂ ಟವೆಲಿನಡಿ ಸತ್ತಿತು. ಅದರ ಟಿಕ್ಕೆಲ್ಲ ಒಂದೇ ತರಹ, ಕಾಯಿ ತಾಗಿದರೂ ಅಷ್ಟೆ, ತಪ್ಪಿದರೂ ಅಷ್ಟೆ. ಗೋಲಿಯ ಆಟದಲ್ಲಿ ಗುಳಿಯ ಅಂಚು ಬಂದಾಗ ಕೊಂಚ ವ್ಯತ್ಯಾಸವಿತ್ತು, ತುಂಬಾ ಗಮನವಿಟ್ಟು ಹಿಡಿಯಬೇಕಾದಷ್ಟು ಸಣ್ಣದು. ಮೀನು ಹಿಡಿಯುವ ಆಟದಲ್ಲಿ ಮೀನು ಕಚ್ಚಿದ್ದು ಗೊತ್ತಾಗುತ್ತಿತ್ತು, ಆದರೆ ಕಾಯುವುದೇ ಜಾಸ್ತಿ. ಇಪ್ಪತ್ತಕ್ಕೂ ಹೆಚ್ಚು ಆಟಗಳನ್ನು ಹೀಗೆ ಕುರುಡಾಗಿ ಆಡಿ ಬಿಟ್ಟೆ.

ಸಿಕ್ಕಿದ್ದು ಒಂದು ಕಳ್ಳನ ಆಟ. ಇದೇ ಕಂಟ್ರೋಲರಿಗಾಗಿಯೇ ಕಂಪನ ರೂಪಿಸಿದ್ದ ಕೆಲವೇ ಆಟಗಳಲ್ಲಿ ಅದೊಂದು. ಕಳ್ಳನೊಬ್ಬ ತಿಜೋರಿಯ ದುಂಡು ಬೀಗವನ್ನು ತಿರುಗಿಸುತ್ತಾನೆ. ಹೆಬ್ಬೆರಳನ್ನು ಪ್ಯಾಡಿನ ಮೇಲೆ ವೃತ್ತಾಕಾರವಾಗಿ ಜಾರಿಸಿದರೆ ಬೀಗ ತಿರುಗುತ್ತದೆ. ಒಂದೊಂದು ಅಂಕಿ ದಾಟಿದಾಗಲೂ ಹಗುರವಾದ ಟಿಕ್. ಸರಿಯಾದ ಅಂಕಿ ಬಂದಾಗ ಮಾತ್ರ ಒಂದು ಭಾರವಾದ ಟಿಕ್, ಅದಕ್ಕೊಂದು ತಳವಿರುವ ಹಾಗೆ. ಅಲ್ಲಿ ನಿಲ್ಲಿಸಿ ದಿಕ್ಕು ಬದಲಿಸಬೇಕು. ಮೂರು ಸಲ ಸರಿಯಾದರೆ ತಿಜೋರಿ ತೆರೆಯುತ್ತದೆ.

ಟವೆಲ್ ಹೊದಿಸಿ ಅಮ್ಮನ ಕೈಗೆ ಕೊಟ್ಟೆ. ನಾನು ಎದುರಿಗೆ ಕೂತೆ. ಆಟ ಏನೆಂದು ಹೇಳಿದಾಗ ಜೋರಾಗಿ ನಕ್ಕರು. "ಈ ವಯಸ್ಸಲ್ಲಿ ಕಳ್ಳತನ ಕಲಿಸ್ತಿದೀಯಲ್ಲಪ್ಪ! ಲೇ, ಕೇಳಿಸ್ಕೊಂಡೇನೇ?" ಎಂದು ನಾದಿನಿಗೆ ಕೂಗಿದರು. ಮೊದಲ ದಿನ ಒಂದೂ ತೆರೆಯಲಿಲ್ಲ. ಎರಡನೆಯ ದಿನ ಸುತ್ತುತ್ತಾ ಸುತ್ತುತ್ತಾ ಇದ್ದ ಹೆಬ್ಬೆರಳು ಒಂದು ಕಡೆ ನಿಂತಿತು.

"ಇಲ್ಲಿ."

ಟವೆಲ್ ಎತ್ತಿ ನೋಡಿದೆ. ಸರಿಯಾಗಿತ್ತು.

"ಸುದ್ದಿ ಬಂತು ಕಣಪ್ಪ" ಎಂದರು. ಮೇಡಂ ಆ ಕಡೆ ತಿರುಗಿ ನಿಂತರು.

ಆಮೇಲಿನ ಹತ್ತು ದಿನ ಆ ಕೋಣೆಯ ಅತ್ಯುತ್ತಮ ದಿನಗಳು. ಬೆಳಗ್ಗೆ ಅರ್ಧ ಗಂಟೆ, ಮಧ್ಯಾಹ್ನ ಅರ್ಧ ಗಂಟೆ. ಕಂಪನವನ್ನು 'ಹೆಚ್ಚು' ಎಂಬಲ್ಲಿಂದ 'ಮಧ್ಯಮ'ಕ್ಕೆ ಇಳಿಸಿದೆವು. ಆಟ ನಡೆಯುವಾಗ ಎದುರಿಗೆ ಕೂತು ಮಾತಾಡುವುದು ನನ್ನ ಕೆಲಸವಾಯಿತು. ಮಧುರೆಯ ಸುದ್ದಿ, ನನ್ನ ಹೆಂಡತಿಯ ತವರಿನ ಸುದ್ದಿ, ಯಾರೋ ಜಮೀನು ಭಾಗ ಮಾಡಿಕೊಂಡು ಬೇಲಿ ವಿಷಯಕ್ಕೆ ಮಾತು ಬಿಟ್ಟ ಸುದ್ದಿ. ನಾನು ಹೇಳುತ್ತಾ ಹೋದಂತೆ ಅಮ್ಮ ಬಾಯಿ ನೋಡುತ್ತಿದ್ದರು, ಕೆಳಗೆ ತಿಜೋರಿಗಳು ತೆರೆಯುತ್ತಿದ್ದವು. ಮಾತು ನಿಂತರೆ ಬೆರಳೂ ತಡವರಿಸುತ್ತಿತ್ತು. ಮೇಡಂ ಮೊದಲು ನಂಬಲಿಲ್ಲ, ಎಣಿಸಿ ನೋಡಿದ ಮೇಲೆ ತಾವೂ ಒಂದು ಕುರ್ಚಿ ಎಳೆದುಕೊಂಡರು.

ಐದನೆಯ ವಾರದಲ್ಲಿ ಎಲ್ಲ ಕೆಟ್ಟಿತು. ಅವತ್ತು ಅಮ್ಮನನ್ನು ಬಿಡಲು ಬಂದ ನಾದಿನಿ ಎರಡು ಸುದ್ದಿ ತಂದಿದ್ದರು. ಮದುವೆ ಕಾಲವೆಂದು ಯಜಮಾನರು ಮಗ್ಗವನ್ನು ಹೆಚ್ಚು ಹೊತ್ತು ಓಡಿಸುತ್ತಿದ್ದಾರೆ, ಹಾಸು ಒಂದು ವಾರ ಮೊದಲೇ ಮುಗಿಯುತ್ತದೆ. ಇದು ಒಂದು. ಇನ್ನೊಂದನ್ನು ಅವರು ಸುದ್ದಿ ಎಂದು ಹೇಳಲೇ ಇಲ್ಲ, ಸಮಾಧಾನಕ್ಕೆಂದು ಹೇಳಿದ್ದು.

"ನೀವು ಯೋಚನೆ ಮಾಡ್ಬೇಡಿ ಅತ್ತಿಗೆ. ನಮಗೇನು ಬೇಜಾರಾಗಲ್ಲ. ನಿಮ್ಮ ಜಾಗದಲ್ಲಿ ಫೋನ್ ಒರಗಿಸಿಟ್ಕೊಂಡಿರ್ತೀವಿ, ಸೀರಿಯಲ್ ಬರ್ತಾ ಇರುತ್ತೆ. ಹೊತ್ತು ಹೋಗಿದ್ದೇ ಗೊತ್ತಾಗಲ್ಲ."

ಅಮ್ಮ "ಹೌದಾ" ಎಂದರು, ಅಷ್ಟೆ.

ಅವತ್ತು ಕಂಪನವನ್ನು 'ಕಡಿಮೆ'ಗೆ ಇಳಿಸುವ ದಿನ. ಒಂದು ತಿಜೋರಿಯೂ ತೆರೆಯಲಿಲ್ಲ. ಮಾರನೆಯ ದಿನವೂ ಇಲ್ಲ. ಮತ್ತೆ 'ಮಧ್ಯಮ'ಕ್ಕೆ ಏರಿಸಿದರೆ ಅಲ್ಲೂ ಇಲ್ಲ. ನಾನು ದಡ್ಡನ ಹಾಗೆ ಪ್ಯಾಡಿನ ಸಂದಿಯಲ್ಲಿ ಬೂದಿ ಹುಡುಕಿದೆ. ಮೇಡಂ ಬೆರಳಿಗೆ ಸೂಜಿಮೊನೆ ತಾಗಿಸಿ ಪರೀಕ್ಷೆ ಮಾಡಿದರು. ಬೆರಳು ಹಿಂದಿನ ವಾರದಷ್ಟೇ ಚೆನ್ನಾಗಿತ್ತು.

"ಬರಲ್ಲ ಅಂತ ಬರೆದ್ಬಿಡಿ ಮೇಡಂ" ಎಂದರು ಅಮ್ಮ. "ನಾನು ಹೋಗಿ ಯಾರ ಮುಖ ನೋಡ್ಲಿ? ನನ್ನ ಜಾಗಕ್ಕೆ ಒಂದು ಫೋನ್ ಸಾಕಾಗಿದೆ."

ಆಗ ಅರ್ಥವಾಯಿತು. ಕೆಟ್ಟಿದ್ದು ಬೆರಳಲ್ಲ. ನನ್ನ ಕಥೆಯನ್ನೇ ಹೇಳಿದೆ. ಅಂಗಡಿಯ ಕೊನೆಯ ದಿನಗಳಲ್ಲಿ ಹುಡುಗರು ಬರುತ್ತಿದ್ದರು, ಅದೇ ಎಂಟು ಕುರ್ಚಿಗಳಲ್ಲೇ ಕೂರುತ್ತಿದ್ದರು, ಆದರೆ ಒಬ್ಬೊಬ್ಬರೂ ಅವರವರ ಮೊಬೈಲಿನಲ್ಲಿ. ಒಬ್ಬನೂ ಕಿರುಚುತ್ತಿರಲಿಲ್ಲ. ನಾನು ದೊಡ್ಡ ಪರದೆ ತಂದೆ, ಹೊಸ ಹೊಸ ಆಟ ತಂದೆ. ತಲೆ ಎತ್ತಲಿಲ್ಲ. ಮುಚ್ಚಿದೆ.

ಅಮ್ಮ ಕೇಳಿಸಿಕೊಂಡರು. "ನೀನು ಆಟ ಬದಲಾಯಿಸ್ದೆ. ಹುಡುಗ್ರ ಹತ್ರ ಮಾತಾಡಿದ್ಯಾ?"

ಇಲ್ಲ ಎಂದೆ.

ಅವರು ಎಡಗೈಯನ್ನು ಬೂದಿಗೆ ಮುಟ್ಟಿಸಿ, "ಕಡಿಮೆದೇ ಹಾಕು" ಎಂದರು. ಹಾಕಿದೆ. ಬಹಳ ಹೊತ್ತು ಹಿಡಿಯಿತು. ನಾನು ಮಾತಾಡುತ್ತಲೇ ಇದ್ದೆ. ಮಧ್ಯಾಹ್ನದ ಊಟದ ಹೊತ್ತಿಗೆ ಒಂದು ತಿಜೋರಿ ತೆರೆಯಿತು. ಆ ವಾರದ ಕೊನೆಗೆ ದಿನಕ್ಕೆ ಐದಾರು.

ಹಾಸು ಮುಗಿಯುವ ಹಿಂದಿನ ದಿನ ಅಮ್ಮ ಹೊರಡುವಾಗ ಮಾನಿಟರಿನ ಮೇಲಿದ್ದ ಟವೆಲನ್ನು ತಾವೇ ತೆಗೆದು ಮಡಿಸಿದರು. "ಇದನ್ನ ಒಂದಿನದ ಮಟ್ಟಿಗೆ ಕೊಡಪ್ಪ." ಕೈ ಒರೆಸಿಕೊಳ್ಳಲು ಇರಬೇಕು ಎಂದುಕೊಂಡೆ.

ಕೈ ಎಷ್ಟು ಹೊತ್ತು ತಡೆಯುತ್ತದೆ ಎಂದು ಬರೆದುಕೊಂಡು ಬರಲು ಮೇಡಂ ನನ್ನನ್ನು ಕಳಿಸಿದರು. ಮಗ್ಗದ ಮನೆಗೆ ನಾನು ಹೋಗುವಷ್ಟರಲ್ಲಿ ಆ ಮಗ್ಗ ನಿಂತಿತ್ತು. ಅಕ್ಕಪಕ್ಕದ ಮನೆಗಳ ಮಗ್ಗಗಳ ಸದ್ದು ಗೋಡೆ ದಾಟಿ ಬರುತ್ತಿತ್ತು. ಹೊಸ ಹಾಸನ್ನು ಏರಿಸಿ ಎಳೆಗಳನ್ನು ಇಳಿಬಿಟ್ಟಿದ್ದರು. ಮೂವರು ಕೂತಾಗಿತ್ತು. ನಾಲ್ಕನೆಯ ಜಾಗದಲ್ಲಿ ನೂಲುಂಡೆಯ ಡಬ್ಬಿಗೆ ಒರಗಿಸಿಟ್ಟ ಫೋನಿನಲ್ಲಿ ಯಾವಳೋ ಅತ್ತೆ ಸೊಸೆಗೆ ಏನೋ ಹೇಳುತ್ತಿದ್ದಳು. ಮೂವರ ಕಣ್ಣೂ ಅಲ್ಲೇ.

ಅಮ್ಮ ಬಂದರು. ನಾದಿನಿ ಗಡಿಬಿಡಿಯಿಂದ ಫೋನನ್ನು ಕೊಂಚ ಪಕ್ಕಕ್ಕೆ, ಎಲ್ಲರಿಗೂ ಕಾಣುವ ಹಾಗೆ ಸರಿಸಿದರು. ಅಮ್ಮ ಕೂತು, ಬೂದಿಯ ಮುಚ್ಚಳವನ್ನು ನಡುವೆ ಇಟ್ಟು, ಮಡಿಲಿನಿಂದ ನನ್ನ ಟವೆಲ್ ತೆಗೆದು ಬಿಡಿಸಿ ಫೋನಿನ ಮೇಲೆ ಹೊದಿಸಿಬಿಟ್ಟರು.

"ಅಯ್ಯೋ, ಅತ್ತಿಗೆ!"

"ಇದನ್ನ ಮುಚ್ಚಿದ್ರೆ ಬೆರಳು ಚೆನ್ನಾಗಿ ಓಡುತ್ತೆ ಕಣ್ರೇ. ನಾನು ಪರೀಕ್ಷೆ ಮಾಡಿ ನೋಡಿದೀನಿ, ಬೇಕಾದ್ರೆ ಆ ಸಾರ್‌ನ ಕೇಳಿ."

ನಾಲ್ವರೂ ನನ್ನತ್ತ ನೋಡಿದರು. ನಾನು ತಲೆಯಾಡಿಸಿದೆ. ಟವೆಲಿನ ಅಡಿಯಿಂದ ಅತ್ತೆಯ ಧ್ವನಿ ಇನ್ನೂ ಬರುತ್ತಿತ್ತು. ಅಮ್ಮ ಎರಡು ಎಳೆ ಹಿಡಿದು, ತಲೆ ಎತ್ತಿ, ಎದುರಿಗಿದ್ದವಳ ಮುಖವನ್ನೇ ನೋಡುತ್ತಾ ಕೇಳಿದರು: "ಒಂಬತ್ತು ತಿಂಗಳಾಯ್ತು. ಏನೇನಾಯ್ತು ಹೇಳ್ರೇ. ನಿನ್ನ ಮಗಳು ಬಾಣಂತನಕ್ಕೆ ಬಂದ್ಲಂತಲ್ಲ, ಮಗು ಯಾರ ತರ ಇದೆ?"

ಆ ಹೆಂಗಸಿನ ಬಾಯಿಂದ ಮೊದಲು ಒಂದೇ ಮಾತು ಬಂತು. ಆಮೇಲೆ ನಾಲ್ಕು. ಅದರ ಮೇಲೆ ಇನ್ನೊಬ್ಬಳದು, ಅದಕ್ಕೆ ನಾದಿನಿಯ ನಗು. ಯಾರೋ ಟವೆಲಿನ ಅಡಿ ಕೈ ಹಾಕಿ ಫೋನನ್ನು ಆರಿಸಿದರು. ನಾನು ಬರೆದುಕೊಳ್ಳುವುದನ್ನು ಯಾವಾಗ ನಿಲ್ಲಿಸಿದೆನೋ ನೆನಪಿಲ್ಲ.

ಅಮ್ಮನ ಕೈ ನಿಧಾನವಾಗಿತ್ತು. ಉಳಿದವರು ಒಂದು ಗೇಣು ಮುಗಿಸುವಷ್ಟರಲ್ಲಿ ಇವರು ನಾಲ್ಕು ಬೆರಳಿನಷ್ಟು ಅಗಲ. ಸಂಜೆ ಯಜಮಾನರು ಮಗ್ಗವನ್ನು ಕೈಯಿಂದಲೇ ಮೆಲ್ಲಗೆ ತಿರುಗಿಸಿ, ಹೊಸೆದದ್ದರಲ್ಲಿ ಮೊದಲ ಭಾಗವನ್ನು ಬಾಚಣಿಗೆಯಂಥ ಪಟ್ಟಿಯ ಮೂಲಕ ಎಳೆದರು. ಅಮ್ಮ ಸೇರಿಸಿದ್ದರಲ್ಲಿ ಒಂಬತ್ತು ಎಳೆ ಬಿಟ್ಟುಕೊಂಡವು. ಉಳಿದ ಮೂವರದು ಸೇರಿ ಮೂರು. ಯಜಮಾನರ ಮುಖ ಗಂಟಾಯಿತು.

ಅಮ್ಮ ಎದ್ದು ಹಾಸಿನ ಹತ್ತಿರ ಹೋಗಿ, ಇನ್ನೂ ಪಟ್ಟಿಯೊಳಗೆ ಹೋಗದ ಭಾಗದ ಮೇಲೆ ಬಲ ಹೆಬ್ಬೆರಳನ್ನು ಒಂದು ತುದಿಯಿಂದ ಇನ್ನೊಂದು ತುದಿಯವರೆಗೆ ನಿಧಾನವಾಗಿ ಜಾರಿಸಿದರು. ಆ ಜಾರುವಿಕೆಯನ್ನು ನಾನು ನೂರಾರು ಸಲ ಕಂಡಿದ್ದೆ. ಬೆರಳು ಒಂದು ಕಡೆ ನಿಂತಿತು.

"ಇಲ್ಲಿ. ಇದು ಬಿಡುತ್ತೆ." ಇನ್ನೊಂದು ಗೇಣು ಮುಂದೆ, "ಇಲ್ಲೊಂದು."

ಯಜಮಾನರು ಬಗ್ಗಿ ಎಳೆದು ನೋಡಿದರು. ಎರಡೂ ಸಡಿಲವಾಗಿದ್ದವು. ಎರಡೂ ನಾದಿನಿ ಹೊಸೆದವು.

"ಕಣ್ಣಿಗೆ ಕಾಣದ್ದು ಸಿಕ್ತಲ್ಲ" ಎಂದರು ಯಜಮಾನರು, ಅಷ್ಟೆ. ನಾದಿನಿ ಆ ಎರಡನ್ನೂ ಬಿಚ್ಚಿ ಮತ್ತೆ ಹೊಸೆಯುತ್ತಾ ತಲೆ ಎತ್ತದೆ ಹೇಳಿದರು: "ಮುಂದಿನ ಹಾಸಿಗೂ ನಾವೇ ನಾಲ್ಕು ಜನ. ಹಿಂದಿನ ಬೀದಿಯೋಳಿಗೆ ಹೇಳ್ಕಳಿಸ್ಬೇಡಿ."

ಅಮ್ಮ ಆಮೇಲೆ ಕೇಂದ್ರಕ್ಕೆ ಬಂದಿಲ್ಲ. ಬರಬೇಕಾಗಿಲ್ಲ, ಅದು ಒಳ್ಳೆಯ ಸುದ್ದಿ. ಆದರೂ ಬೆಳಗ್ಗೆ ಆ ಹೊತ್ತಿಗೆ ನಾನು ಬಾಗಿಲ ಕಡೆ ನೋಡುತ್ತೇನೆ. ಕಂಟ್ರೋಲರ್ ಈಗ ಕಪಾಟಿನಲ್ಲಿಲ್ಲ, ಮೇಜಿನ ಮೇಲಿದೆ. ಮೇಡಂ ಇನ್ನೊಬ್ಬರಿಗೆ ಆಟ ಆರಿಸಲು ಹೇಳಿದ್ದಾರೆ. ಮೊನ್ನೆ ಪರೀಕ್ಷೆಗೆಂದು ಕಂಪನ 'ಕಡಿಮೆ'ಗೆ ಇಟ್ಟು, ಮಾನಿಟರಿಗೆ ಹಳೆಯ ಪೇಪರ್ ಮುಚ್ಚಿ, ಕಳ್ಳನ ಆಟವನ್ನು ನಾನೇ ಆಡಿದೆ. ಎದುರಿನ ಕುರ್ಚಿ ಖಾಲಿ. ಒಂದು ತಿಜೋರಿಯೂ ತೆರೆಯಲಿಲ್ಲ.

ಟವೆಲ್ ವಾಪಸ್ ಬಂದಿಲ್ಲ. ನಾದಿನಿ ಒಮ್ಮೆ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಾಗ, "ತಗೊಂಡು ಬರ್ತೀನಿ ಸಾರ್, ಹಾಸು ಬಂದಾಗೆಲ್ಲ ಬೇಕಾಗುತ್ತೆ, ಅದಕ್ಕೇ ಮರ್ತೋಗುತ್ತೆ" ಎಂದು ನಕ್ಕರು. ಇಟ್ಟುಕೊಳ್ಳಿ ಎಂದೆ. ಅಂಗಡಿಯ ಎಂಟು ಕುರ್ಚಿಗಳಿಗೆ ನಾನು ಏನೆಲ್ಲ ತಂದೆ, ಎಷ್ಟು ಆಟ ಬದಲಾಯಿಸಿದೆ. ಎದುರಿಗೊಂದು ಕುರ್ಚಿ ಎಳೆದುಕೊಂಡು, ಏನ್ರೋ ಸಮಾಚಾರ ಎಂದು ಕೇಳುವುದು ಮಾತ್ರ ಆಗ ನನಗೆ ಹೊಳೆಯಲಿಲ್ಲ.